ಹಾರ ಹಾಕೋ ಶಾಟ್ ಬ್ಯಾಡ್ರಿ ಸರ

ಕಲಾವಿದರ ಮೇಲೆ ಸಾಕ್ಷ್ಯಚಿತ್ರ ಮಾಡೋದು ನನ್ನ ಕಸುಬು. ಚಿತ್ರ ಬರೆಯುವವರು, ಮೂರ್ತಿ ಮಾಡುವವರು, ನಾಟಕದ ಪರದೆ ಬರೆದವರು, ಕಸೂತಿ ಹಾಕುವವರು, ಹೀಗೆ. ಹುಬ್ಬಳ್ಳಿಯಲ್ಲಿ ಇದನ್ನು ಹೇಳಿದರೆ ಮುಂದಿನ ಪ್ರಶ್ನೆ ಗ್ಯಾರಂಟಿ: "ಹಂಗಾರ ಮದುವಿ ವಿಡಿಯೋನೂ ಮಾಡ್ತೀರೇನ್ರೀ?" ನಾನು ಮಾಡಲ್ಲ. ನನ್ನ ಜೊತೆ ಕ್ಯಾಮೆರಾ ಹಿಡಿಯುವ ಹುಡುಗ ಮಾಡ್ತಾನೆ. ಅದಕ್ಕೇ ಏಪ್ರಿಲ್, ಮೇ ತಿಂಗಳಲ್ಲಿ ಅವನು ನನ್ನ ಫೋನೇ ಎತ್ತಲ್ಲ. ನನಗೇನೂ ಬೇಜಾರಿಲ್ಲ. ಮದುವೆ ದುಡ್ಡಲ್ಲಿ ಅವನು ಕೊಂಡ ಲೆನ್ಸುಗಳಿಂದಲೇ ನಮ್ಮ ಕಲಾವಿದರೆಲ್ಲ ಪರದೆ ಮೇಲೆ ಚೆಂದ ಕಾಣುವುದು.

ನಾನು ಮೊದಲಿನಿಂದ ಬರೆಯುವವನು. ಧಾರವಾಡದಲ್ಲಿ ಚಿತ್ರಕಲಾ ಪ್ರದರ್ಶನ ಆದಾಗೆಲ್ಲ ಪತ್ರಿಕೆಗೆ ಬರೆಯುತ್ತಿದ್ದೆ. ಅದನ್ನು ಆ ಕಲಾವಿದರು ಓದುತ್ತಿದ್ದರು, ಅವರ ಮನೆಯವರು ಓದುತ್ತಿದ್ದರು, ಅಲ್ಲಿಗೆ ಮುಗೀತು. ಒಂದು ದಿನ ಯಾರೋ ಫೋನ್ ಮಾಡಿ, ಹಿರಿಯ ಕಲಾವಿದರೊಬ್ಬರ ಮೇಲೆ ವಿಡಿಯೋ ಮಾಡ್ತಾ ಇದ್ದೀವಿ, ನಿರೂಪಣೆ ಬರೆದುಕೊಡಿ ಅಂದರು. ಬರೆದೆ. ದುಡ್ಡು ಬಂತು. ಪತ್ರಿಕೆಯಲ್ಲಿ ಬರೆದಾಗ ಬರುತ್ತಿದ್ದುದಕ್ಕಿಂತ ಜಾಸ್ತಿನೇ ಬಂತು. ಆಮೇಲೆ ಇನ್ನೊಬ್ಬರು ಕರೆದರು, ಮತ್ತೊಬ್ಬರು ಕರೆದರು, ಹಾಗೆ ಹಾಗೆ ಬರೆಯೋದರಿಂದ ಪ್ರಶ್ನೆ ಕೇಳೋದಕ್ಕೆ, ಅಲ್ಲಿಂದ ಎಡಿಟಿಂಗ್ ಟೇಬಲ್ಲಿಗೆ, ಅಲ್ಲಿಂದ "ನಿರ್ದೇಶನ" ಅಂತ ಹೆಸರು ಹಾಕಿಸಿಕೊಳ್ಳೋ ಮಟ್ಟಕ್ಕೆ ಬಂದು ನಿಂತೆ.

ಈ ಕಡೆ ತಯಾರಾಗುವ ಕಲಾವಿದರ ಸಾಕ್ಷ್ಯಚಿತ್ರ ಹೇಗಿರುತ್ತೆ ಅಂತ ನಿಮಗೂ ಗೊತ್ತಿರಬಹುದು. ಮೊದಲು ಸೂರ್ಯೋದಯ. ಹಿಂದೆ ಕೊಳಲು. ಆಮೇಲೆ ಗಡಸು ದನಿಯಲ್ಲಿ ಒಬ್ಬರು "ವರ್ಣಲೋಕದ ಮಾಂತ್ರಿಕ, ಕುಂಚದ ಕವಿ, ಕಲಾತಪಸ್ವಿ" ಅಂತ ಶುರು ಮಾಡ್ತಾರೆ. ಹುಟ್ಟಿದ ಊರು, ತಂದೆ ತಾಯಿ, ಪ್ರಶಸ್ತಿಗಳ ಪಟ್ಟಿ. ನಂತರ ಗಣ್ಯರು ಒಬ್ಬೊಬ್ಬರಾಗಿ ಬಂದು "ಇವರು ನಮ್ಮ ನಾಡಿನ ಹೆಮ್ಮೆ" ಅಂತಾರೆ. ಕೊನೆಗೆ ಶಾಲು, ಹಾರ, ಹಣ್ಣಿನ ಬುಟ್ಟಿ, ಫಲಕ. ಹದಿನೈದು ನಿಮಿಷ ನೋಡಿ ಎದ್ದ ಮೇಲೆ ಆ ಮನುಷ್ಯ ಎಂಥ ಚಿತ್ರ ಬರೆಯುತ್ತಾರೆ ಅಂತ ಒಂದೂ ನೆನಪಿರಲ್ಲ. ಹಾರ ಮಾತ್ರ ನೆನಪಿರುತ್ತೆ, ಯಾಕಂದರೆ ಅದೇ ಶಾಟು ಅತಿ ಉದ್ದ ಇರುತ್ತೆ.

ಇದಕ್ಕೆ ಕಾರಣ ಕಲಾವಿದರಲ್ಲ, ಕ್ಯಾಮೆರಾದವರೂ ಅಲ್ಲ. ಇಂಥ ಚಿತ್ರಕ್ಕೆ ದುಡ್ಡು ಹುಟ್ಟುವುದೇ ಸನ್ಮಾನದ ಸುತ್ತ. ಅಭಿನಂದನ ಸಮಿತಿ ಮಾಡ್ತಾರೆ, ಗ್ರಂಥ ತರ್ತಾರೆ, ಅದರ ಜೊತೆಗೆ ಒಂದು ವಿಡಿಯೋನೂ ಇರಲಿ ಅಂತಾರೆ. ವಿಡಿಯೋ ಯಾವಾಗ ಹಾಕ್ತಾರೆ? ಮುಖ್ಯ ಅತಿಥಿ ಇನ್ನೂ ಬಂದಿರಲ್ಲ, ಜನ ಗದ್ದಲ ಮಾಡ್ತಾ ಇರ್ತಾರೆ, ಆಗ. ಅತಿಥಿ ಬಾಗಿಲಲ್ಲಿ ಕಾಣಿಸಿದ ಕೂಡಲೇ ಅರ್ಧಕ್ಕೇ ಬಂದ್. ನನ್ನ ಒಂದು ಚಿತ್ರವಂತೂ ಕಲಾವಿದರು ಮುಂಬೈ ರೈಲು ಹತ್ತುವ ಜಾಗಕ್ಕೆ ಬಂದಾಗ ನಿಂತುಹೋಯ್ತು. ಆ ಸಭೆಯಲ್ಲಿದ್ದವರ ಪಾಲಿಗೆ ಅವರು ಇನ್ನೂ ಹುಬ್ಬಳ್ಳಿ ಸ್ಟೇಷನ್ನಿನಲ್ಲೇ ಇದ್ದಾರೆ.

ಮುಂಬೈ ರೈಲು ಅಂದೆನಲ್ಲ, ಅದನ್ನು ಸ್ವಲ್ಪ ಬಿಡಿಸಿ ಹೇಳಬೇಕು. ನಮ್ಮ ಭಾಗದ ಕಲೆಯ ಕಥೆ ಅಲ್ಲಿಂದಲೇ ಶುರುವಾಗೋದು. 1956ರಲ್ಲಿ ಏಕೀಕರಣ ಆಗುವವರೆಗೆ ಧಾರವಾಡ ಜಿಲ್ಲೆ ಮುಂಬೈ ಪ್ರಾಂತ್ಯದಲ್ಲಿತ್ತು. ಈಗಿನ ಗದಗ, ಹಾವೇರಿ ಎರಡೂ 1997ರವರೆಗೆ ಧಾರವಾಡ ಜಿಲ್ಲೆಯ ಒಳಗೇ ಇದ್ದವು. ಹಾಗಾಗಿ ಇಲ್ಲಿ ಚಿತ್ರ ಕಲಿಯಬೇಕು ಅಂದವನಿಗೆ ಮೈಸೂರು ದೂರದ ಮಾತು. ಮುಂಬೈಗೆ ಹೋಗಬೇಕು, ಜೆ.ಜೆ. ಸ್ಕೂಲ್ ಆಫ್ ಆರ್ಟ್ ಸೇರಬೇಕು, ಜಿ.ಡಿ. ಆರ್ಟ್ ಡಿಪ್ಲೊಮಾ ಮಾಡಬೇಕು. ಡಿ.ವಿ. ಹಾಲಭಾವಿಯವರು ಹಾಗೆ ಜೆ.ಜೆ.ಯಲ್ಲಿ ಕಲಿತು ಬಂದು ಧಾರವಾಡದಲ್ಲಿ ಕಲಾಶಾಲೆ ತೆರೆದರು. ಗದಗದಲ್ಲಿ ಟಿ.ಪಿ. ಅಕ್ಕಿಯವರು ವಿಜಯ ಕಲಾ ಮಂದಿರ ಕಟ್ಟಿದರು. ಈ ಶಾಲೆಗಳಲ್ಲಿ ಕಲಿತವರು ಮುಂದೆ ಏನಾದರು? ಬಹಳಷ್ಟು ಜನ ಡ್ರಾಯಿಂಗ್ ಮಾಸ್ತರ ಆದರು.

ನನ್ನ ಇಷ್ಟು ವರ್ಷದ ಕೆಲಸದಲ್ಲಿ ನನಗೆ ಗಟ್ಟಿಯಾಗಿ ಅನ್ನಿಸಿರೋದು ಇದೊಂದೇ. ನಮ್ಮ ಕಡೆಯ ಕಲೆ ಅಂದರೆ ಡ್ರಾಯಿಂಗ್ ಮಾಸ್ತರರ ಕಲೆ. ಮೈಸೂರಿನಂಥ ಅರಮನೆ ಇಲ್ಲಿರಲಿಲ್ಲ. ಸವಣೂರಿನ ನವಾಬರಂಥ ಸಣ್ಣ ಸಂಸ್ಥಾನಗಳಿದ್ದವು, ಆದರೆ ಊರೂರಿನ ಕಲಾವಿದರನ್ನೆಲ್ಲ ಸಾಕುವಷ್ಟು ದೊಡ್ಡ ದರ್ಬಾರು ಯಾವುದೂ ಇರಲಿಲ್ಲ. ಹಾಗಾದರೆ ಕಲಾವಿದ ಹೊಟ್ಟೆಗೆ ಏನು ಮಾಡಿದ? ಶಾಲೆಯಲ್ಲಿ ಪಾಠ ಹೇಳಿದ. ನಾಟಕ ಕಂಪನಿಗೆ ಪರದೆ ಬರೆದ. ಗಣೇಶ ಚೌತಿ ಬಂದಾಗ ಗಣಪತಿ ಮಾಡಿದ. ಮಠದ ಅಜ್ಜಾರ ಭಾವಚಿತ್ರ ಬರೆದ. ಪ್ರೆಸ್ಸಿಗೆ ಕ್ಯಾಲೆಂಡರು, ಪುಸ್ತಕದ ಮುಖಪುಟ ಮಾಡಿಕೊಟ್ಟ. ಅಂಗಡಿ ಬೋರ್ಡು ಬರೆದ. ಉಳಿದ ಟೈಮಲ್ಲಿ, ರಾತ್ರಿ, ಊಟ ಆದ ಮೇಲೆ, ತನಗಾಗಿ ಒಂದು ಕ್ಯಾನ್ವಾಸ್ ತೆಗೆದ. ನಾವು ಸಾಕ್ಷ್ಯಚಿತ್ರ ಮಾಡುವವರು ಆ ರಾತ್ರಿಯ ಕ್ಯಾನ್ವಾಸನ್ನು ಮಾತ್ರ ತೋರಿಸಿ, ಹಗಲೆಲ್ಲ ಮಾಡಿದ ಕೆಲಸವನ್ನು ಬಿಟ್ಟುಬಿಡ್ತೀವಿ. ಹಗಲು ಬಿಟ್ಟರೆ ಆ ರಾತ್ರಿಯೂ ಅರ್ಥ ಆಗಲ್ಲ ಅನ್ನೋದು ನನ್ನ ವಾದ. ಜಗಳಾನೂ ಹೌದು, ಎಷ್ಟೋ ಸಮಿತಿಗಳ ಜೊತೆ.

ಅದಕ್ಕೇ ನಾನು "ನಿಮ್ಮ ಕಲೆಗೆ ಪ್ರೇರಣೆ ಏನು?" ಅಂತ ಯಾರನ್ನೂ ಕೇಳಲ್ಲ. ಕೇಳಿದರೆ ಅವರು ಸಭೆಯಲ್ಲಿ ಮಾಡಿದ ಭಾಷಣವನ್ನೇ ಮತ್ತೆ ಮಾಡ್ತಾರೆ. ಅವರ ತಪ್ಪಲ್ಲ, ಪ್ರಶ್ನೆನೇ ಹಾಗಿದೆ. ಈ ಬ್ರಷ್ ಎಲ್ಲಿ ತಗೊಂಡ್ರಿ, ಬಣ್ಣ ಮುಂಬೈಯಿಂದ ತರಿಸ್ತಿದ್ರೋ ಹುಬ್ಬಳ್ಳಿಯಲ್ಲೇ ಸಿಗ್ತಿತ್ತೋ, ಮನೆಯಲ್ಲಿ ಯಾವ ಕಿಟಕಿ ಹತ್ತಿರ ಕೂತು ಬರೀತಿದ್ರಿ, ಮಕ್ಕಳು ಬಣ್ಣ ತುಳಿದು ಮನೆ ತುಂಬಾ ಓಡಾಡಿದಾಗ ಏನು ಮಾಡಿದ್ರಿ, ಹೀಗೆ ಕೇಳ್ತೀನಿ. ಬೆಟಗೇರಿಯಲ್ಲಿ ಒಬ್ಬ ಹಿರಿಯ ಮಾಸ್ತರರಿದ್ದರು. ಕ್ಯಾಮೆರಾ ಇಟ್ಟ ಕೂಡಲೇ ಕೋಟು ಹಾಕಿಕೊಂಡು, ಬೆನ್ನು ನೆಟ್ಟಗೆ ಮಾಡಿಕೊಂಡು, ಸತ್ಯಂ ಶಿವಂ ಸುಂದರಂ ಅಂತ ಶುರು ಮಾಡಿದರು. ಸ್ವಲ್ಪ ಹೊತ್ತು ಕೇಳಿದೆ. ಆಮೇಲೆ ಮೆಲ್ಲಗೆ ಕೇಳಿದೆ.

"ಸರ, ನಿಮ್ಮ ಮೊದಲನೇ ಪಗಾರ ಎಷ್ಟಿತ್ರೀ?"

"ಯಾಕ್ರೀ, ಇನ್‌ಕಮ್ ಟ್ಯಾಕ್ಸಿನವರೇನ್ ನೀವು?" ಅಂತ ಜೋರಾಗಿ ನಕ್ಕರು. ಕೋಟಿನ ಗುಂಡಿ ಬಿಚ್ಚಿದರು. ಅಲ್ಲಿಂದ ಮಾತು ಹರಿಯೋಕೆ ಶುರುವಾಯ್ತು. ಸೈಕಲ್ ಮೇಲೆ ಎರಡೆರಡು ಶಾಲೆಗೆ ಹೋಗುತ್ತಿದ್ದುದು, ಭಾನುವಾರ ಲೋವರ್, ಹೈಯರ್ ಡ್ರಾಯಿಂಗ್ ಪರೀಕ್ಷೆಗೆ ಕೂರುವ ಹುಡುಗರಿಗೆ ಮನೆಯಲ್ಲೇ ಪಾಠ ಹೇಳುತ್ತಿದ್ದುದು, ಅದಕ್ಕೆ ಅಡುಗೆಮನೆಯಿಂದ ತಂಬಿಗೆ, ಬುಟ್ಟಿ, ಬದನೆಕಾಯಿ ತಂದಿಟ್ಟು ಕೂರಿಸುತ್ತಿದ್ದುದು, ಪಾಠ ಮುಗಿದ ಮೇಲೆ ಅದೇ ಬದನೆಕಾಯಿ ಸಂಜೆಗೆ ಎಣ್ಣೆಗಾಯಿ ಆಗುತ್ತಿದ್ದುದು, ಎಲ್ಲ ಹೇಳಿದರು. ಅಷ್ಟರಲ್ಲಿ ಒಳಗಿನಿಂದ ಅವರ ಮನೆಯವರು ಕೂಗಿ ಹೇಳಿದರು: "ಆ ಸಂತಿ ಚಿತ್ರ ಮಾರಿದ್ ರೊಕ್ಕದಾಗ ನನಗ ಹೊಲಿಗಿ ಮಷಿನ್ ತಂದ್ರಿ, ಅದನ್ನ ಹೇಳ್ರಲಾ!"

ಅಕ್ಕಾರನ್ನು ಹೊರಗೆ ಕರೆದು ಕೂರಿಸಿದೆವು. ಬೇಡ ಬೇಡ ಅನ್ನುತ್ತಲೇ ಬಂದು ಕೂತರು, ಸೆರಗು ಸರಿ ಮಾಡಿಕೊಂಡರು, ಆಮೇಲೆ ಮಾತಾಡಿದ್ದೇ ಮಾತಾಡಿದ್ದು. ಪಗಾರ ತಡವಾದ ತಿಂಗಳುಗಳಲ್ಲಿ ಆ ಮಷಿನ್ನೇ ಮನೆ ನಡೆಸಿತ್ತು. ಜಂಪರ್ ಹೊಲಿದ ದುಡ್ಡಲ್ಲಿ ಕ್ಯಾನ್ವಾಸ್ ಬಟ್ಟೆ ತಂದಿದ್ದೂ ಉಂಟು. ಮಾರಿಹೋದ ಸಂತೆಯ ಚಿತ್ರ ಈಗ ಎಲ್ಲಿದೆಯೋ ಯಾರಿಗೂ ಗೊತ್ತಿಲ್ಲ. ಅದರ ಒಂದು ಕಪ್ಪು ಬಿಳುಪು ಫೋಟೊ ಇದೆ. ನಾನು ನನ್ನ ಸಾಕ್ಷ್ಯಚಿತ್ರದಲ್ಲಿ ಆ ಫೋಟೊ ತೋರಿಸಿದೆ, ಮರು ಶಾಟಿನಲ್ಲಿ ಮಷಿನ್ ಓಡುವುದನ್ನು ತೋರಿಸಿದೆ. ಸಮಿತಿಯವರಿಗೆ ಅದು ಹಿಡಿಸಲಿಲ್ಲ. "ಇಷ್ಟ್ ದೊಡ್ಡ ಕಲಾವಿದರ ಚಿತ್ರದಾಗ ಹೊಲಿಗಿ ಮಷಿನ್ ಯಾಕ್ರೀ?" ಅಂದರು. ಮಾಸ್ತರರೇ "ಇರ್ಲಿ ಬಿಡ್ರಿ, ಅದ ಖರೆ" ಅಂದ ಮೇಲೆ ಉಳಿಯಿತು.

ಇನ್ನು ಚಿತ್ರವನ್ನು ಚಿತ್ರೀಕರಿಸುವ ಕಷ್ಟ. ಕೇಳೋಕೆ ಸುಲಭ ಅನ್ನಿಸುತ್ತೆ, ಗೋಡೆ ಮೇಲೆ ಸುಮ್ನೆ ನೇತಾಡುತ್ತಿರುತ್ತೆ, ಓಡಿಹೋಗಲ್ಲ, ಅಲ್ವಾ? ಆದರೆ ನಮ್ಮಲ್ಲಿ ಬಹಳ ಚಿತ್ರಗಳಿಗೆ ಗಾಜು ಹಾಕಿಸಿರ್ತಾರೆ. ಗಾಜಿನಲ್ಲಿ ಕಿಟಕಿ, ಟ್ಯೂಬ್‌ಲೈಟು, ಕ್ಯಾಮೆರಾ ಹುಡುಗನ ಮುಖ ಎಲ್ಲ ಕಾಣುತ್ತೆ. ಗಾಜು ತೆಗೆಯೋಣ ಅಂದರೆ ಮನೆಯವರು ಹೆದರ್ತಾರೆ, ಅವರು ಹೆದರುವುದೂ ಸರಿಯೇ. ಹಳೇ ಕಾಗದ ಗಾಜಿಗೆ ಅಂಟಿಕೊಂಡಿದ್ದರೆ ಬಣ್ಣವೇ ಕಿತ್ತು ಬರುತ್ತೆ. ಎಣ್ಣೆ ಬಣ್ಣಕ್ಕೆ ವಾರ್ನಿಶ್ ಹೊಡೆದಿದ್ದರೆ ಅದೂ ಹೊಳೆಯುತ್ತೆ. ಇದಕ್ಕೆ ಇರುವ ಉಪಾಯ ಅಂದರೆ ಎರಡು ದೀಪವನ್ನು ಎಡಕ್ಕೂ ಬಲಕ್ಕೂ ಓರೆಯಾಗಿಟ್ಟು, ದೀಪದ ಮುಂದೆ ಬೆಳಕು ಸೋಸುವ ಪೋಲರೈಸಿಂಗ್ ಹಾಳೆ ಕಟ್ಟಿ, ಲೆನ್ಸಿಗೂ ಅಂಥದ್ದೇ ಪೋಲರೈಸರ್ ಹಾಕಿ ನಿಧಾನಕ್ಕೆ ತಿರುಗಿಸೋದು. ಒಂದು ಹಂತಕ್ಕೆ ಬಂದಾಗ ಹೊಳಪೆಲ್ಲ ಮಾಯ ಆಗಿ ಬಣ್ಣ ಮಾತ್ರ ಉಳಿಯುತ್ತೆ. ಮೊದಲ ಸಲ ಇದನ್ನು ನೋಡಿದ ಮನೆಯ ಯಜಮಾನರು "ನಮ್ಮ ಮನ್ಯಾಗಿನ ಚಿತ್ರದಾಗ ಹಿಂದ ಗುಡ್ಡ ಅದ ಅಂತ ನನಗ ಇವತ್ತ ಗೊತ್ತಾತು" ಅಂದಿದ್ದರು.

ಎಲ್ಲ ಚಿತ್ರಕ್ಕೂ ಹೊಳಪು ತೆಗೆಯಬೇಕು ಅಂತಿಲ್ಲ. ದಪ್ಪ ಬಣ್ಣ ಮೆತ್ತಿ ಬರೆದವರ ಚಿತ್ರಕ್ಕೆ ಒಂದೇ ಪಕ್ಕದಿಂದ ದೀಪ ಬಿಡಬೇಕು. ಆಗ ಬ್ರಷ್ ಎಲ್ಲಿ ಒತ್ತಿದೆ, ಚಾಕು ಎಲ್ಲಿ ಎಳೆದಿದೆ ಎಲ್ಲ ಎದ್ದು ಕಾಣುತ್ತೆ. ಗದಗ ಹತ್ತಿರದ ಲಕ್ಕುಂಡಿಯ ಗುಡಿ ಕಂಬಗಳ ಮುಂದೆ ಬೆಳಗಿನ ಬಿಸಿಲಲ್ಲಿ ನಿಂತವರಿಗೆ ಇದು ಹೇಳಿಕೊಡಬೇಕಾಗಿಲ್ಲ. ಅತ್ತಿಮಬ್ಬೆ 1007ರಲ್ಲಿ ಕಟ್ಟಿಸಿದ ಬ್ರಹ್ಮ ಜಿನಾಲಯ ಅಲ್ಲಿದೆ. ಆ ಕಾಲದ ಶಿಲ್ಪಿಗಳು ಬಾದಾಮಿ ಕಡೆಯ ಮರಳುಗಲ್ಲು ಬಿಟ್ಟು ನುಣುಪಾದ ಬಳಪದ ಕಲ್ಲಿಗೆ ಬಂದಿದ್ದರು, ಅದಕ್ಕೇ ಅಷ್ಟು ಸಣ್ಣ ಕೆತ್ತನೆ ಸಾಧ್ಯ ಆಯ್ತು. ನೆತ್ತಿ ಮೇಲೆ ಸೂರ್ಯ ಬಂದರೆ ಎಲ್ಲ ಚಪ್ಪಟೆ. ಅಂದಹಾಗೆ ಇಂಥ ಸಂರಕ್ಷಿತ ಗುಡಿಗಳಲ್ಲಿ ಟ್ರೈಪಾಡ್ ಇಟ್ಟು ಶೂಟ್ ಮಾಡಲು ಪುರಾತತ್ವ ಇಲಾಖೆಯ ಅನುಮತಿ ಬೇಕು, ಹೋಗಿ ನಿಂತ ಮೇಲೆ ಕೇಳೋದಲ್ಲ.

ಟ್ಯೂಬ್‌ಲೈಟ್ ಕೆಳಗೆ ಶೂಟ್ ಮಾಡಿದರೆ ವಿಡಿಯೋದಲ್ಲಿ ಪಟ್ಟಿ ಪಟ್ಟಿ ಬರುತ್ತಲ್ಲ, ಆ ವಿಷಯಾನೂ ಹೇಳಿಬಿಡ್ತೀನಿ, ಹೊಸ ಹುಡುಗರು ಯಾವಾಗಲೂ ಕೇಳ್ತಾರೆ. ನಮ್ಮ ಕರೆಂಟು 50 ಹರ್ಟ್ಸ್. ಕಣ್ಣಿಗೆ ಕಾಣದಿದ್ದರೂ ದೀಪ ಸೆಕೆಂಡಿಗೆ 100 ಸಲ ಏರಿಳಿಯುತ್ತೆ. ಕ್ಯಾಮೆರಾ ಸೆಕೆಂಡಿಗೆ 25 ಫ್ರೇಮಿಗೆ ಇಟ್ಟು ಶಟರ್ 1/50 ಸೆಕೆಂಡಿಗೆ ಇಟ್ಟರೆ ಆ ಪಟ್ಟಿ ಬರಲ್ಲ. ಯೂಟ್ಯೂಬಿನಲ್ಲಿ ಅಮೆರಿಕದವರು ಹೇಳಿದ ಲೆಕ್ಕ ಇಲ್ಲಿ ನಡೆಯಲ್ಲ, ಅವರದು 60 ಹರ್ಟ್ಸ್.

ಇಷ್ಟೆಲ್ಲ ಮಾಡಿದ ಮೇಲೂ ದೊಡ್ಡ ಪ್ರಶ್ನೆ ಹಾಗೇ ಉಳಿಯುತ್ತೆ. ಚಿತ್ರ ನಿಂತಿರುತ್ತೆ, ಸಿನಿಮಾ ಓಡುತ್ತೆ. ಎರಡನ್ನೂ ಕೂಡಿಸೋದು ಹೇಗೆ? ಫ್ರಾನ್ಸಿನ ನಿರ್ದೇಶಕ ಕ್ಲೂಜೊ 1956ರಲ್ಲಿ ಪಿಕಾಸೊ ಮೇಲೆ ಚಿತ್ರ ಮಾಡಿದಾಗ ಒಂದು ಜಾಣ ಉಪಾಯ ಮಾಡಿದ್ದರು. ಪಿಕಾಸೊ ಒಂದು ಬದಿಯಿಂದ ಬರೆಯುವುದು, ಶಾಯಿ ಹಾಳೆಯ ಇನ್ನೊಂದು ಬದಿಗೆ ಇಳಿಯುವುದು, ಕ್ಯಾಮೆರಾ ಆ ಬದಿಯಲ್ಲಿ. ಕೈ ಕಾಣಲ್ಲ, ಗೆರೆ ಮಾತ್ರ ತಾನೇ ಹುಟ್ಟಿ ಬೆಳೆಯುತ್ತೆ. ನೋಡೋಕೆ ಬಹಳ ಮಜಾ ಇದೆ. ಆದರೆ ನನಗೆ ಅದು ಪಿಕಾಸೊ ಮಾತ್ರ ಮಾಡಬಹುದಾದ ಆಟ ಅನ್ನಿಸುತ್ತೆ. ನಮ್ಮ ಮಾಸ್ತರರು ಒಂದು ಗೆರೆ ಎಳೆದು, ಚಹಾ ಕುಡಿದು, ಅಳಿಸಿ, ಮರುದಿನ ಮತ್ತೆ ಎಳೆಯುವವರು. ಎಂ.ಎಫ್. ಹುಸೇನ್ 1967ರಲ್ಲಿ ರಾಜಸ್ಥಾನದಲ್ಲಿ ತಾವೇ ಒಂದು ಕಿರುಚಿತ್ರ ಮಾಡಿದರು, ಚಿತ್ರಕಾರ ಏನು ನೋಡ್ತಾನೋ ಅದನ್ನಷ್ಟೇ ತೋರಿಸಿದರು. ಬರ್ಲಿನ್ ಚಿತ್ರೋತ್ಸವದಲ್ಲಿ ಗೋಲ್ಡನ್ ಬೇರ್ ಪ್ರಶಸ್ತಿ ಬಂತು.

ನನಗೆ ಎಲ್ಲಕ್ಕಿಂತ ಹತ್ತಿರ ಅನ್ನಿಸೋದು ಸತ್ಯಜಿತ್ ರೇ 1972ರಲ್ಲಿ ಮಾಡಿದ "ದಿ ಇನ್ನರ್ ಐ". ಬಿನೋದ್ ಬಿಹಾರಿ ಮುಖರ್ಜಿ ಶಾಂತಿನಿಕೇತನದಲ್ಲಿ ರೇಗೆ ಕಲಿಸಿದ ಮಾಸ್ತರರು. ನಡುವಯಸ್ಸಿನಲ್ಲಿ, ಒಂದು ಆಪರೇಷನ್ ಆದ ಮೇಲೆ, ಪೂರ್ತಿ ಕಣ್ಣು ಹೋಯ್ತು. ಆಮೇಲೂ ಅವರು ಕೆಲಸ ಬಿಡಲಿಲ್ಲ, ಕಾಗದ ಕತ್ತರಿಸಿ ಅಂಟಿಸಿದರು, ಗೆರೆ ಎಳೆದರು, ಟೈಲ್ಸಿನಲ್ಲಿ ಗೋಡೆ ಚಿತ್ರ ಮಾಡಿದರು. ಬೇರೆಯವರ ಕೈಯಲ್ಲಿ ಇದು ಕಣ್ಣೀರಿನ ಕಥೆ ಆಗುತ್ತಿತ್ತು. ರೇ ಹಾಗೆ ಮಾಡಲಿಲ್ಲ. ಇಪ್ಪತ್ತು ನಿಮಿಷದ ಚಿತ್ರ. ಕಣ್ಣಿಲ್ಲದ ಮನುಷ್ಯ ಕೆಲಸವನ್ನು ಹೇಗೆ ಮಾಡ್ತಾರೆ ಅನ್ನೋದನ್ನು ನೆಟ್ಟಗೆ ತೋರಿಸಿದರು, ಅಷ್ಟೇ. ಕಾಕತಾಳೀಯ ನೋಡಿ, ಅದೇ 1972ರಲ್ಲಿ ಗಿರೀಶ ಕಾರ್ನಾಡರು ನಮ್ಮ ಬೇಂದ್ರೆ ಅಜ್ಜನ ಮೇಲೆ ಸಾಕ್ಷ್ಯಚಿತ್ರ ಮಾಡಿದರು. ಧಾರವಾಡಕ್ಕೆ ಸಾಹಿತಿಗಳ ಮೇಲೆ ಇರುವ ಪ್ರೀತಿಯಲ್ಲಿ ಕಾಲು ಭಾಗ ಚಿತ್ರಕಾರರ ಮೇಲೆ ಇದ್ದಿದ್ದರೆ ನನ್ನ ಕಸುಬು ಇಷ್ಟೊತ್ತಿಗೆ ದೊಡ್ಡ ಉದ್ಯಮ ಆಗಿರುತ್ತಿತ್ತು. ಬೇಂದ್ರೆಯವರಿದ್ದ ಸಾಧನಕೇರಿಗೆ ದಾರಿ ಕೇಳಿದರೆ ಆಟೋದವರು ಹೇಳ್ತಾರೆ. ಹಾಲಭಾವಿಯವರ ಶಾಲೆ ಎಲ್ಲಿ ಅಂತ ಕೇಳಿ ನೋಡಿ.

ಕಸೂತಿಯ ಕಡೆ ಬಂದರೆ ಕಷ್ಟ ಬೇರೆ ಥರ. ಅಲ್ಲಿ ಯಾರೂ ತಮ್ಮನ್ನು ಕಲಾವಿದೆ ಅಂದುಕೊಳ್ಳಲ್ಲ. "ನಂದೇನ್ರೀ, ಸುಮ್ನ ಹೊತ್ ಹೋಗ್ಲಿ ಅಂತ ಹಾಕ್ತಿದ್ದೆ" ಅಂತಾರೆ. ಆ ಹೊತ್ತು ಕಳೆಯೋ ಕೆಲಸ ಎಂಥದ್ದು ಅಂತ ನೋಡಿ. ಬಟ್ಟೆ ಮೇಲೆ ಮೊದಲು ಪೆನ್ಸಿಲ್ಲಿನಿಂದ ಏನೂ ಬರೆದುಕೊಳ್ಳುವಂತಿಲ್ಲ. ನೇಯ್ಗೆಯ ಎಳೆ ಎಣಿಸಿ ಎಣಿಸಿಯೇ ಸೂಜಿ ಹಾಕಬೇಕು. ಗಂಟು ಹಾಕುವಂತಿಲ್ಲ. ಗವಂತಿ, ಮುರ್ಗಿ ಹೊಲಿಗೆ ಆದರೆ ಮುಂದೆ ಹಿಂದೆ ಎರಡೂ ಕಡೆ ಒಂದೇ ಥರ ಕಾಣಬೇಕು. ಇವೆರಡರ ಜೊತೆ ನೇಯ್ಗೆ, ಮೆಂತಿ ಅಂತ ಇನ್ನೆರಡು ಹೊಲಿಗೆ. ಇಷ್ಟರಲ್ಲೇ ಗೋಪುರ, ತೇರು, ಆನೆ, ನವಿಲು, ತುಳಸಿಕಟ್ಟೆ ಎಲ್ಲ ಬರಬೇಕು. ಸೂಜಿ ಹೋದ ದಾರಿಯಲ್ಲೇ ವಾಪಸ್ ಬಂದು ಖಾಲಿ ಬಿಟ್ಟ ಜಾಗ ತುಂಬಬೇಕು, ಅಂದರೆ ಹೋಗುವಾಗಲೇ ಬರುವ ದಾರಿ ತಲೆಯಲ್ಲಿ ಇರಬೇಕು. ಇದನ್ನು ಮಾಡುವವರು ಕಲಾವಿದರಲ್ಲದಿದ್ದರೆ ಇನ್ಯಾರು ಕಲಾವಿದರು ಸ್ವಾಮಿ?

ಧಾರವಾಡದ ಒಂದು ಮನೆಯಲ್ಲಿ ವಯಸ್ಸಾದ ಅವ್ವ ಒಬ್ಬರ ಕೈ ಕೆಲಸ ಶೂಟ್ ಮಾಡುತ್ತಿದ್ದೆವು. ಮ್ಯಾಕ್ರೋ ಲೆನ್ಸ್ ಹಾಕಿದರೆ ಒಂದು ಎಳೆ ಹಗ್ಗದಷ್ಟು ದಪ್ಪ ಕಾಣುತ್ತೆ, ಆದರೆ ಸೂಜಿ ಒಂಚೂರು ಆಚೀಚೆ ಆದರೂ ಫೋಕಸ್ ಹೋಗುತ್ತೆ. ಹುಡುಗ "ಅಮ್ಮಾ ಸ್ವಲ್ಪ ನಿಧಾನ, ಸ್ವಲ್ಪ ನಿಧಾನ" ಅನ್ನುತ್ತಿದ್ದ. ಅವರಿಗೆ ಸಿಟ್ಟು ಬಂತು. "ನಿಧಾನ ಮಾಡಿದ್ರ ಎಣಿಕಿ ತಪ್ಪತದ ತಮ್ಮಾ. ನೀನ ಜಲ್ದಿ ಮಾಡು." ಹುಡುಗನೇ ಬಗ್ಗಬೇಕಾಯ್ತು. ಆಮೇಲೆ ನಾವು ಟ್ರೈಪಾಡ್ ಬಿಟ್ಟು, ಕ್ಯಾಮೆರಾವನ್ನು ಅವರ ಮಂಡಿ ಪಕ್ಕದಲ್ಲಿ ದಿಂಬಿನ ಮೇಲೆ ಇಟ್ಟು, ಅವರ ವೇಗಕ್ಕೇ ಬಿಟ್ಟೆವು. ಅರ್ಧ ಶಾಟ್ ಮಸುಕು. ಉಳಿದರ್ಧದಲ್ಲಿ ತುಟಿ ಅಲ್ಲಾಡುತ್ತಿರುವುದು ಕಾಣುತ್ತೆ, ಎಳೆ ಎಣಿಸುತ್ತಿದ್ದಾರೆ. ಆ ಜಾಗಕ್ಕೆ ನಾನು ಸಂಗೀತ ಹಾಕಲಿಲ್ಲ, ಮಾತೂ ಹಾಕಲಿಲ್ಲ.

ಹಾವೇರಿ ಕಡೆ ಹೋದರೆ ಶಿಗ್ಗಾಂವಿ ತಾಲೂಕಿನ ಗೋಟಗೋಡಿಯಲ್ಲಿ ಉತ್ಸವ ರಾಕ್ ಗಾರ್ಡನ್ ಇದೆಯಲ್ಲ, ಹೆದ್ದಾರಿ ಪಕ್ಕ, ಶಾಲಾ ಟ್ರಿಪ್ಪಿನಲ್ಲಿ ನಿಮ್ಮ ಮಕ್ಕಳು ಹೋಗಿಯೇ ಇರ್ತಾರೆ. ಅದರ ಹಿಂದಿದ್ದವರು ಕಲಾವಿದ ಟಿ.ಬಿ. ಸೊಲಬಕ್ಕನವರ. 2020ರಲ್ಲಿ ತೀರಿಕೊಂಡರು. ಅವರು ಬಯಲಾಟದ ಬಗ್ಗೆ ತಲೆ ಕೆಡಿಸಿಕೊಂಡವರು, ಚಿತ್ರ ಬರೆದವರು, ಕೊನೆಗೆ ಒಂದಿಡೀ ಹಳ್ಳಿಯನ್ನೇ ಆಳೆತ್ತರದ ಮೂರ್ತಿಗಳಲ್ಲಿ ನಿಲ್ಲಿಸಿದರು. ಕೆಲವು ಕಲಾ ವಿಮರ್ಶಕರು ಅದನ್ನು ಕಲೆ ಅಂತ ಒಪ್ಪೋಕೆ ಮೂಗು ಮುರಿಯುತ್ತಾರೆ. ಟಿಕೆಟ್ ಇಟ್ಟಿದ್ದಾರೆ, ಪಿಕ್‌ನಿಕ್ ಜಾಗ, ಸೆಲ್ಫಿ ಜಾಗ ಅಂತಾರೆ. ಗ್ಯಾಲರಿಗೆ ಕಾಲೇ ಇಡದ ರೈತರ ಮನೆಯವರು ದುಡ್ಡು ಕೊಟ್ಟು ಒಳಗೆ ಹೋಗಿ, ಕುಂಟೆ ಹೊಡೆಯುವ ಮೂರ್ತಿ ಮುಂದೆ ನಿಂತು, ಎತ್ತಿನ ಕೊರಳ ಹಗ್ಗ ಸರಿಯಾಗಿದೆಯೋ ಇಲ್ಲವೋ ಅಂತ ಚರ್ಚೆ ಮಾಡುವುದನ್ನು ನಾನು ಕೇಳಿದ್ದೀನಿ. ನನಗೆ ಅದಕ್ಕಿಂತ ಒಳ್ಳೆ ವಿಮರ್ಶೆ ಬೇಡ.

ಕುಟುಂಬದವರ ವಿಷಯಕ್ಕೆ ಬರ್ತೀನಿ, ಇದರಲ್ಲೇ ಜಾಸ್ತಿ ಟೈಮ್ ಹೋಗೋದು. ಕಲಾವಿದರು ತೀರಿಕೊಂಡಿರ್ತಾರೆ. ಚಿತ್ರಗಳು ಮಗಳ ಮನೆಯಲ್ಲಿ ಒಂದಿಷ್ಟು, ಅಳಿಯನ ಊರಲ್ಲಿ ಒಂದಿಷ್ಟು, ಯಾವುದೋ ಹೈಸ್ಕೂಲಿನ ಹೆಡ್‌ಮಾಸ್ತರ ರೂಮಿನಲ್ಲಿ ಕಪಾಟಿನ ಹಿಂದೆ ಒಂದು. ಮಳೆಗಾಲದಲ್ಲಿ ಸೋರಿ ಅರ್ಧ ಹೋಗಿರುತ್ತೆ, ಉಳಿದದ್ದಕ್ಕೆ ಗೆದ್ದಲು. ಶೂಟಿಂಗಿಗೆ ಹೋದಾಗ ಅಣ್ಣ ಹೂಂ ಅಂತಾರೆ, ಎಡಿಟಿಂಗ್ ಮುಗಿದ ಮೇಲೆ ತಮ್ಮ ಫೋನ್ ಮಾಡಿ "ನನ್ನ ಕೇಳ್ಲಾರದ ಹೆಂಗ್ ಮಾಡಿದ್ರಿ" ಅಂತಾರೆ. ಹಾಗಾಗಿ ಎಲ್ಲರ ಸಹಿ ಮೊದಲೇ ತಗೋತೀನಿ. ಚಿತ್ರ ಕೊಂಡವರ ಒಪ್ಪಿಗೆ ಇದ್ದರೆ ಸಾಕು ಅಂತ ಬಹಳ ಜನ ತಿಳಿದಿದ್ದಾರೆ. ಸಾಲಲ್ಲ. ಕೊಂಡವರು ಗೋಡೆಗೆ ಹಾಕಬಹುದು, ಮಾರಬಹುದು. ಹಕ್ಕುಸ್ವಾಮ್ಯ ಮಾತ್ರ, ಬರೆದುಕೊಡದೇ ಇದ್ದರೆ, ಸಾಮಾನ್ಯವಾಗಿ ಕಲಾವಿದರದ್ದೇ. 1957ರ ಕಾಯ್ದೆ ಪ್ರಕಾರ ಅವರು ತೀರಿಕೊಂಡ ಮೇಲೂ 60 ವರ್ಷ ಅದು ವಾರಸುದಾರರಿಗೆ ಇರುತ್ತೆ. ದುಡ್ಡು ಕೊಟ್ಟು ಹೇಳಿ ಬರೆಸಿದ ಭಾವಚಿತ್ರದ ಲೆಕ್ಕ ಬೇರೆ, ಬೇರೆ ಒಪ್ಪಂದ ಇಲ್ಲದಿದ್ದರೆ ಅದು ಬರೆಸಿದವರದು. ಈ ಲೆಕ್ಕ ಹೇಳಿದಾಗ ಎಷ್ಟೋ ಮನೆಗಳಲ್ಲಿ "ಹಂಗಾರ ಅಪ್ಪಾರ ಚಿತ್ರಕ್ಕ ಇನ್ನೂ ಬೆಲಿ ಅದ ಅನ್ರಿ" ಅಂತ ಮುಖ ಅರಳುತ್ತೆ, ಕಪಾಟಿನ ಹಿಂದಿನ ಚಿತ್ರ ಮುಂದೆ ಬರುತ್ತೆ.

ದುಡ್ಡಿನ ಬಗ್ಗೆ ಕೇಳುವವರಿಗೆ: ಇದರಲ್ಲೇ ಹೊಟ್ಟೆ ತುಂಬಲ್ಲ. ಅನುವಾದ ಮಾಡ್ತೀನಿ, ಜಾಹೀರಾತಿಗೆ ಬರೀತೀನಿ, ಸಂಘ ಸಂಸ್ಥೆಗಳ ವರದಿ ತಿದ್ದಿಕೊಡ್ತೀನಿ. ಸಮಿತಿಯವರು ಕೊಡಬೇಕಾದ ಕೊನೆಯ ಕಂತು ಬರೋದು ಬಹಳ ಸಲ ಮುಂದಿನ ವರ್ಷ. ಅವರ ಜೊತೆ ಜಗಳ ಬೇಡ ಅಂತ ಈಗ ಎರಡು ಚಿತ್ರ ಮಾಡಿಬಿಡ್ತೀನಿ. ಸಭೆಗೆ ಹತ್ತು ನಿಮಿಷದ್ದು, ಅದರಲ್ಲಿ ಹಾರ, ಶಾಲು, ಶಾಸಕರ ಮಾತು ಎಲ್ಲ ಇರುತ್ತೆ. ಇನ್ನೊಂದು ನನ್ನದು, ಉದ್ದ, ಅದರಲ್ಲಿ ಹೊಲಿಗೆ ಮಷಿನ್ ಇರುತ್ತೆ. ಒಪ್ಪಂದದಲ್ಲೇ ಬರೆಸಿಕೊಳ್ತೀನಿ. ಶೂಟ್ ಆದದ್ದನ್ನೆಲ್ಲ ಎರಡು ಹಾರ್ಡ್‌ಡಿಸ್ಕಿಗೆ ಹಾಕಿ, ಒಂದು ಮನೆಯಲ್ಲಿ, ಇನ್ನೊಂದು ಅಕ್ಕನ ಮನೆಯಲ್ಲಿ ಇಡ್ತೀನಿ. ಐದು ನಿಮಿಷ ಬಳಸಿದ ಸಂದರ್ಶನದ ಹಿಂದೆ ಮೂರು ತಾಸು ಬಳಸದೇ ಇರೋದು ಇರುತ್ತೆ. ಆ ಮಾಸ್ತರರು ಹೋದ ಮೇಲೆ ಅವರ ದನಿ ಅಲ್ಲಿ ಬಿಟ್ಟರೆ ಬೇರೆಲ್ಲೂ ಸಿಗಲ್ಲ.

ಸದ್ಯಕ್ಕೆ ತಲೆಯಲ್ಲಿ ಇರೋದು ನಾಟಕದ ಪರದೆಗಳು. ಗದಗ ಅಂದರೆ ಗರುಡ ಸದಾಶಿವರಾಯರ ದತ್ತಾತ್ರೇಯ ನಾಟಕ ಮಂಡಳಿಯ ಊರು, ವೀರೇಶ್ವರ ಪುಣ್ಯಾಶ್ರಮದ ನಾಟಕ ಕಂಪನಿಯ ಊರು. ಈ ಕಡೆ ಏಣಗಿ ಬಾಳಪ್ಪನವರ ಕಲಾವೈಭವ ನಾಟ್ಯ ಸಂಘ. ಇಂಥ ಕಂಪನಿಗಳಿಗೆಲ್ಲ ರಸ್ತೆ, ಅರಮನೆ, ಕಾಡು, ದೇವಲೋಕ ಅಂತ ಪರದೆ ಬೇಕಿತ್ತು. ಪುಡಿ ಬಣ್ಣಕ್ಕೆ ಅಂಟು ಕಲಸಿ, ಬಟ್ಟೆಯನ್ನು ನೆಲಕ್ಕೆ ಹಾಸಿ, ಅದರ ಮೇಲೇ ಬರಿಗಾಲಲ್ಲಿ ಓಡಾಡಿ ಬರೆಯುತ್ತಿದ್ದರು. ದೂರದಲ್ಲಿ ಕೂತವನಿಗೆ ಬೀದಿ ಒಳಗೆ ಒಳಗೆ ಹೋದ ಹಾಗೆ ಕಾಣಬೇಕು, ಗ್ಯಾಸ್‌ಲೈಟಿನ ಬೆಳಕಲ್ಲೂ ಬಣ್ಣ ಸಾಯಬಾರದು. ಇದನ್ನು ಬರೆದವರ ಹೆಸರು ಪರದೆ ಮೂಲೆಯಲ್ಲಿ ಸಣ್ಣದಾಗಿ ಇದ್ದರೆ ಇತ್ತು, ಹ್ಯಾಂಡ್‌ಬಿಲ್ಲಿನಲ್ಲಿ ಹೀರೋಯಿನ್ ಹೆಸರಿನ ಕೆಳಗೆ ಇದ್ದರೆ ಇತ್ತು. ಸುತ್ತಿ ಇಟ್ಟ ಪರದೆಗಳನ್ನು ಇಲಿ ತಿಂದಿವೆ. ಕೆಲವನ್ನು ಹೊಲದಲ್ಲಿ ರಾಶಿ ಮುಚ್ಚೋಕೆ ಬಳಸಿದ್ದಾರೆ, ಒಂದು ಕಡೆ ದರ್ಬಾರ್ ಪರದೆಯ ಸಿಂಹಾಸನ ಮೇವಿನ ಬಣವೆ ಮೇಲೆ ಕೂತಿತ್ತು.

ಗದಗ ಹತ್ತಿರದ ಒಂದು ಊರಲ್ಲಿ, ಹಳೇ ಕಂಪನಿ ಮಾಲೀಕರ ಮನೆಯ ಹಿಂದಿನ ಕೋಣೆಯಲ್ಲಿ, ಪೂರ್ತಿ ಇರುವ ರಸ್ತೆ ಪರದೆ ಒಂದಿದೆ ಅಂತ ಗೊತ್ತಾಯ್ತು. ಬರೆದವರ ಮಗ ಇನ್ನೂ ಇದ್ದಾರೆ, ಅವರೇ ಹುಡುಗರಿದ್ದಾಗ ಅದರ ಮೇಲೆ ನಿಂತು ಬಣ್ಣದ ಡಬ್ಬಿ ಹಿಡಿದವರು. ಅವರನ್ನು ಅದರ ಮುಂದೆ ನಿಲ್ಲಿಸಿ ಮಾತಾಡಿಸಬೇಕು ಅಂತ ನನ್ನ ಆಸೆ. ಹೋಗಿ ನೋಡಿದರೆ ಪರದೆಯ ಸುರುಳಿ ಗೋಡೆಗುಂಟ ಮಲಗಿದೆ, ಅದರ ಮುಂದೆ ಸೂರಿನವರೆಗೆ ಕಡಲೆ ಚೀಲ. ಚೀಲ ತೆಗೆಸಲು ಹಮಾಲರನ್ನು ನಾನೇ ಕರೆಸ್ತೀನಿ, ಖರ್ಚೂ ಕೊಡ್ತೀನಿ ಅಂದೆ. ಕಾಕಾರು ಒಪ್ಪಲಿಲ್ಲ. "ಒಮ್ಮಿ ತಗದ್ವಿ ಅಂದ್ರ ಮತ್ತ ಒಟ್ಟಾವ್ರ ಯಾರು? ಕಡಲಿ ರೇಟ್ ಏರಲಿ ತಡೀರಿ. ಚೀಲ ಮಾರ್ಕೆಟ್‌ಗೆ ಹೋದ ದಿನಾನ ನಿಮ್ಮ ಪರದೆ ಬಿಚ್ಚೂಣಂತ." ಅವರು ಮನಸ್ಸಲ್ಲಿ ಇಟ್ಟುಕೊಂಡಿರೋ ರೇಟು ಎಷ್ಟು ಅಂತ ಹೇಳಲಿಲ್ಲ. ಹಾಗಾಗಿ ಈಗ ಕ್ಯಾಮೆರಾ ಹುಡುಗ, ನಾನು ಇಬ್ಬರೂ ಬೆಳಿಗ್ಗೆ ಎದ್ದ ಕೂಡಲೇ ಗದಗ ಎಪಿಎಂಸಿಯ ಕಡಲೆ ಧಾರಣೆ ನೋಡ್ತಾ ಇದ್ದೀವಿ. ಮದುವೆ ಸೀಜನ್ ಶುರುವಾಗೋಕೆ ಮೊದಲು ಏರಿದರೆ ಸಾಕು.